ಅಂಗಳದ ಹಳದಿ ಹೂವಿನ ಬಳ್ಳಿ ತೋಟಕ್ಕೆ ಇಳಿದಿದೆ, ಏನು ಮಾಡಲಿ?

ತೋಟದಂಚು:
ನಮಸ್ಕಾರ. ಪುತ್ತೂರು ಕಡೆ ನಮ್ಮ ಅಡಿಕೆ ತೋಟ. ಅಂಗಳದ ಬದಿಯ ದರೆ ಜರಿಯದಿರಲಿ ಅಂತ ನಾಲ್ಕು ವರ್ಷದ ಹಿಂದೆ ನರ್ಸರಿಯಿಂದ ಒಂದು ಬಳ್ಳಿ ತಂದು ನೆಟ್ಟಿದ್ದೆ, ಪುಟ್ಟ ಸೂರ್ಯಕಾಂತಿ ಥರದ ಹಳದಿ ಹೂ, ವರ್ಷವಿಡೀ ಬಿಡುತ್ತದೆ. ಈಗ ಅದು ದರೆ ಇಳಿದು ತೋಟದ ಕಣಿಗೆ, ಅಂದರೆ ಸಾಲಿನ ನಡುವೆ ನೀರು ಹರಿಯುವ ಕಾಲುವೆಗೆ ಬಂದಿದೆ. ಎರಡು ಸಾಲು ಅಡಿಕೆ ಬುಡದಲ್ಲಿ ಒಂದೆಲಗ ಕೂಡ ಉಳಿದಿಲ್ಲ. ಮೆಷಿನ್‌ನಲ್ಲಿ ಎರಡು ಸಲ ಕೊಚ್ಚಿಸಿದೆ, ಮಳೆ ಬಿದ್ದ ಮೇಲೆ ಇನ್ನೂ ಜಾಸ್ತಿಯಾಯಿತು. ಅತ್ತೆ ಇದು ಭೃಂಗರಾಜ, ಎಣ್ಣೆ ಕಾಸೋಣ ಅನ್ನುತ್ತಾರೆ. ಹೌದಾ?

ಹಸಿರುಪುಟ:
ಅಕ್ಕಾ, ಎಣ್ಣೆಗೆ ಹಾಕಬೇಡಿ. ಎಲೆಯ ಎರಡೂ ಬದಿಗೆ ಕಿವಿಯ ಹಾಗೆ ಸೀಳು ಇದ್ದು ಮೂರು ಭಾಗ ಕಾಣುತ್ತಿದ್ದರೆ, ಮೇಲೆ ಹೊಳಪಿದ್ದರೆ, ಅದು ವೆಡೇಲಿಯಾ. ಮೆಕ್ಸಿಕೊ, ಕೆರಿಬಿಯನ್ ಕಡೆಯ ಗಿಡ. ಪ್ರಕೃತಿ ಸಂರಕ್ಷಣೆಯ ಅಂತರರಾಷ್ಟ್ರೀಯ ಒಕ್ಕೂಟ ಐಯುಸಿಎನ್‌ನ ತಜ್ಞರು ಪಟ್ಟಿ ಮಾಡಿದ ಜಗತ್ತಿನ 100 ಅತಿ ಕೆಟ್ಟ ಆಕ್ರಮಣಕಾರಿ ಜೀವಿಗಳಲ್ಲಿ ಇದೂ ಒಂದು. ತಲೆಯ ಎಣ್ಣೆಗೆ ಹಾಕುವ ಭೃಂಗರಾಜ ಅಂದರೆ ಗರುಗ, ಅದರ ಹೂ ಬಿಳಿ, ತೀರಾ ಚಿಕ್ಕದು, ಎಲೆ ಉಜ್ಜಿದರೆ ಸ್ವಲ್ಪ ಹೊತ್ತಿಗೆ ಬೆರಳು ಕಪ್ಪಾಗುತ್ತದೆ. ಹಳದಿ ಹೂವಿನ ಭೃಂಗರಾಜ ಅಂತ ನಮ್ಮದೇ ಇನ್ನೊಂದಿದೆ, ಅತ್ತೆಗೆ ಅದೇ ನೆನಪಾಗಿರಬೇಕು. ಆದರೆ ಅದರ ಎಲೆ ಸಪೂರ, ಸೀಳು ಇರುವುದಿಲ್ಲ.

ಕಣಿಬದಿ:
ಮೆಷಿನ್ ಹೊಡೆಸಿದ್ದೇ ತಪ್ಪಾಯಿತು. ಇದು ಬೀಜದಿಂದ ಹರಡುವುದು ಕಡಿಮೆ, ಗೆಣ್ಣಿನಿಂದಲೇ ಎಲ್ಲ. ಒಂದು ಬಳ್ಳಿ ಎತ್ತಿ ನೋಡಿ, ಪ್ರತಿ ಗೆಣ್ಣಲ್ಲೂ ಬಿಳಿ ದಾರದಂಥ ಬೇರು ಇಳಿದಿರುತ್ತದೆ. ಕೊಚ್ಚಿದಾಗ ಒಂದು ಬಳ್ಳಿ ಹತ್ತು ತುಂಡಾಗಿ ಹತ್ತೂ ಚಿಗುರುತ್ತವೆ. ಮಳೆ ಬಿದ್ದು ಮಣ್ಣು ಸಡಿಲವಾದಾಗ ಕೈಯಲ್ಲೇ ಎಳೆಯಿರಿ, ತುಂಡು ಬಿಡದೆ ಹೆಕ್ಕಿ. ಕಿತ್ತದ್ದನ್ನು ಗೊಬ್ಬರದ ಗುಂಡಿಗೆ ಹಾಕಬೇಡಿ, ತೋಡಿಗಂತೂ ಬೇಡವೇ ಬೇಡ, ನೀರು ಅದನ್ನು ಕೆಳಗಿನ ಮನೆಯವರ ತೋಟಕ್ಕೆ ಒಯ್ದು ನೆಡುತ್ತದೆ. ಮಾಡಿನಡಿ ಟಾರ್ಪಾಲಿನ ಮೇಲೆ ಹರಡಿಟ್ಟು, ಬಿಸಿಲು ಬಂದಾಗ ಸಿಮೆಂಟು ಅಂಗಳದಲ್ಲಿ ಗರಿಗರಿಯಾಗುವವರೆಗೆ ಒಣಗಿಸಿ. ನಮ್ಮಲ್ಲಿ ಮೂರು ಮಳೆಗಾಲ ಹಿಡಿಯಿತು. ಮೊದಲ ವರ್ಷ ಮುಗಿಯಿತು ಅಂತ ಸುಮ್ನೆ ಬಿಟ್ಟಿದ್ದಕ್ಕೆ ಮತ್ತೆ ಪೂರ್ತಿ ಬಂತು.

ತೋಟದಂಚು:
ಈಗಷ್ಟೇ ನೋಡಿ ಬಂದೆ. ಎಲೆ ಮೂರು ಸೀಳೇ, ಬೇರೂ ನೀವು ಹೇಳಿದ ಹಾಗೇ ಇದೆ. ಕಣಿಯ ಬಾಯಿ ತೋಡಿಗೇ ಸೇರುತ್ತದೆ, ಅಲ್ಲಿಂದಲೇ ಶುರು ಮಾಡಲಾ ಅಥವಾ ದರೆಯಿಂದಲಾ?

ಕಣಿಬದಿ:
ತೋಡಿನ ಬಾಯಿಯಿಂದ. ಅಲ್ಲಿಗೊಂದು ಹಳೇ ಬಲೆ ಕಟ್ಟಿ, ತುಂಡು ತೇಲಿ ಹೋಗಬಾರದು. ದರೆ ಕೊನೆಗೆ ಸಾಕು, ಅಲ್ಲಿ ಕಿತ್ತ ಕಡೆಯೆಲ್ಲ ಲಾವಂಚ ನೆಡಿ, ಮಣ್ಣು ಜರಿಯುವುದಿಲ್ಲ.