‘ಹುಳ ಮುಟ್ಟಿತು’ ಎಂಬ ಮಾತಿನ ಅರ್ಥವ್ಯಾಪ್ತಿ

ಧಾರವಾಡ, ಗದಗ, ಹಾವೇರಿ ಕಡೆಯ ಹಳ್ಳಿಗಳಲ್ಲಿ ಹಾವು ಕಡಿದುದನ್ನು ತಿಳಿಸಲು ಬಳಕೆಯಲ್ಲಿರುವ ‘ಹುಳ ಮುಟ್ಟಿತು’ ಎಂಬ ಮಾತನ್ನು ಕುರಿತು ಬಲ್ಲವರಲ್ಲಿ ವಿಚಾರಿಸಬೇಕಾಗಿದೆ. ಕಳೆದ ವರ್ಷ ಗೋವಿನಜೋಳದ ತೆನೆ ಮುರಿಯುವಾಗ ನಮ್ಮ ಸೋದರಮಾವನ ಕಾಲಿಗೆ ಹಾವು ಕಡಿಯಿತು. ಆಸ್ಪತ್ರೆಗೆ ಕರೆದೊಯ್ದಾಗ ಅತ್ತೆ ಹೇಳಿದ್ದು “ಕಾಲಿಗಿ ಹುಳ ಮುಟ್ಟೇತ್ರಿ” ಎಂದಷ್ಟೇ. ದೊಡ್ಡ ಊರಿನಲ್ಲಿಯೇ ಬೆಳೆದಂತಿದ್ದ ತರುಣ ವೈದ್ಯರು ಚೀಟಿಯಲ್ಲಿ ‘ಕೀಟ ಕಡಿತ’ ಎಂದು ಬರೆದುಕೊಂಡು, “ಎಂಥ ಹುಳ, ಜೇನೋ ಕಣಜವೋ?” ಎಂದು ಕೇಳಿದರು. ಅತ್ತೆ ಆಗಲೂ ಹೆಸರೆತ್ತಲಿಲ್ಲ. ಮೊಳಕೈಯನ್ನು ಮೇಜಿನ ಮೇಲೆ ಊರಿ, ಮುಂಗೈಯನ್ನು ನೆಟ್ಟಗೆ ನಿಲ್ಲಿಸಿ, ಅಂಗೈಯನ್ನು ಹೆಡೆಯಂತೆ ಬಾಗಿಸಿ ತೋರಿಸಿದರು. ವೈದ್ಯರು ಬರೆದದ್ದನ್ನು ಹೊಡೆದು ಹಾಕಿ ಎದ್ದರು. ಮಾವ ಈಗ ಆರಾಮವಾಗಿದ್ದಾರೆ.

‘ಹುಳ’ ಎಂಬುದು ನಮ್ಮಲ್ಲಿ ಕಾಳಿಗೆ ಬೀಳುವ ಹುಳದಿಂದ ಹಿಡಿದು ಒಬ್ಬರ ತಲೆಯಲ್ಲಿ ಇನ್ನೊಬ್ಬರು ಬಿಡುವ ಸಂಶಯದ ಹುಳದವರೆಗೆ ಎಲ್ಲಕ್ಕೂ ಸಲ್ಲುತ್ತದೆ. ಅದಕ್ಕೆ ಹಾವಿನ ಅರ್ಥ ಕೂಡಿಬರುವುದು ಹೆಚ್ಚಾಗಿ ‘ಮುಟ್ಟು’ ಎಂಬ ಕ್ರಿಯಾಪದದ ಜೊತೆಯಲ್ಲಿಯೇ. ನಾಯಿ, ಸೊಳ್ಳೆ, ಚೇಳು ಇವೆಲ್ಲ ನಮ್ಮ ಕಡೆ ‘ಕಡಿಯುತ್ತವೆ’. ಚೇಳಿನ ನೋವೇನೂ ಕಡಿಮೆಯದಲ್ಲವಾದರೂ ಅದರ ಹೆಸರನ್ನು ಯಾರೂ ಮರೆಮಾಡುವುದಿಲ್ಲ, “ಚೇಳ ಕಡೀತು” ಎಂದು ನೇರವಾಗಿಯೇ ಹೇಳುತ್ತಾರೆ. ಆದ್ದರಿಂದ ಇದನ್ನು ಕೇವಲ ವಿಷದ ಭಯವೆನ್ನಲಾಗದು. ಪಂಚಮಿಗೆ ಹುತ್ತಕ್ಕೆ ಹಾಲೆರೆದು ‘ನಾಗಪ್ಪ’ ಎಂದು ಕರೆಯುವ ಜೀವದ ಮೇಲೆ ಕಡಿದ ಆರೋಪ ಹೊರಿಸಲು ನಾಲಿಗೆ ಹಿಂಜರಿಯುತ್ತದೆಂದು ತೋರುತ್ತದೆ. ಆದರೆ ಹಾವು ಎಂಬ ಪದವೇ ನಿಷಿದ್ಧವೆಂದೂ ಹೇಳುವಂತಿಲ್ಲ. “ಹಾವೂ ಸಾಯಬಾರದು, ಬಡಿಗೀನೂ ಮುರೀಬಾರದು” ಎಂಬ ಗಾದೆಯನ್ನು ಅದೇ ಅತ್ತೆ ಆಸ್ತಿಯ ವ್ಯಾಜ್ಯದ ಮಾತು ಬಂದಾಗಲೆಲ್ಲ ಧಾರಾಳವಾಗಿ ಬಳಸುತ್ತಾರೆ. ಗಾದೆಯ ಹಾವಿನ ಹೆಸರೆತ್ತಲು ಅಂಜಿಕೆಯಿಲ್ಲ, ಹೊಲದ ಹಾವಿನ ಹೆಸರೆತ್ತಲು ಇದೆ.

ನೆರೆಯ ಮರಾಠಿಯಲ್ಲಿಯೂ ಇಂಥದೇ ಮಾತೊಂದಿದೆ. ಅಲ್ಲಿ ಹಾವು ಕಡಿದುದನ್ನು ‘ಪಾನ ಲಾಗಲೆ’, ಅಂದರೆ ‘ಎಲೆ ತಾಗಿತು’ ಎನ್ನುವುದುಂಟು. ಹಾವನ್ನು ‘ಲಾಂಬಡ’, ಅಂದರೆ ಉದ್ದನೆಯದು ಎಂದೂ ಕರೆಯುತ್ತಾರೆ. ಧಾರವಾಡವು 1956ರವರೆಗೆ ಮುಂಬಯಿ ಆಡಳಿತದಲ್ಲಿದ್ದುದರಿಂದ ನಮ್ಮ ‘ಮುಟ್ಟು’ ಮರಾಠಿಯ ‘ಲಾಗಣೆ’ಯ ಅನುವಾದವಿರಬಹುದೆಂದು ಕೆಲವರು ವಾದಿಸಬಹುದು. ನನಗೆ ಅದು ಒಪ್ಪಿಗೆಯಾಗುವುದಿಲ್ಲ. ಹಿಂದಿಯ ಹಳ್ಳಿಗಳಲ್ಲಿ ಹಾವಿಗೆ ‘ಕೀಡಾ’ ಎನ್ನುವುದನ್ನೂ, ತಮಿಳರು ನಾಗರಹಾವನ್ನು ‘ನಲ್ಲ ಪಾಂಬು’, ಅಂದರೆ ಒಳ್ಳೆಯ ಹಾವು ಎಂದು ಕರೆಯುವುದನ್ನೂ ನೋಡಿದರೆ, ಈ ಅಂಜಿಕೆ ಆಯಾ ಭಾಷೆಯಲ್ಲಿ ತಾನಾಗಿಯೇ ಮಾತು ಹುಡುಕಿಕೊಂಡಂತಿದೆ.

ಈ ಮಾತಿಗೆ ಇನ್ನೊಂದು ಮುಖವೂ ಇದೆ. ಕಟ್ಟುಹಾವು ಎಂಬ ಕಡುವಿಷದ ಹಾವು ಸಾಮಾನ್ಯವಾಗಿ ರಾತ್ರಿ, ನೆಲದ ಮೇಲೆ ಮಲಗಿದವರನ್ನು ಕಡಿಯುತ್ತದೆ; ನೋವು ಬಹಳ ಕಡಿಮೆ, ಹಲ್ಲಿನ ಗುರುತು ಕಾಣುವುದೇ ಕಷ್ಟ. ಕಡಿಸಿಕೊಂಡವನು ನಿಜವಾಗಿಯೂ ಯಾವುದೋ ಹುಳ ತನ್ನನ್ನು ಮುಟ್ಟಿ ಹೋಯಿತೆಂದೇ ತಿಳಿದು ಮತ್ತೆ ಮಲಗಬಹುದು. ಅಂಥವನ ಬಾಯಲ್ಲಿ ‘ಹುಳ ಮುಟ್ಟಿತು’ ಎಂಬುದು ಮುಚ್ಚುಮಾತಲ್ಲ, ತಾನು ತಿಳಿದಷ್ಟರ ವರದಿ. ಕೇಳಿದವರಿಗೆ ಎರಡರ ನಡುವೆ ಭೇದ ಕಾಣುವುದಿಲ್ಲ. 2024ರ ಫೆಬ್ರವರಿಯಲ್ಲಿ ರಾಜ್ಯ ಸರ್ಕಾರವು ಹಾವು ಕಡಿತದ ಪ್ರಕರಣಗಳನ್ನು ಕಡ್ಡಾಯವಾಗಿ ವರದಿ ಮಾಡಬೇಕೆಂದು ಅಧಿಸೂಚಿಸಿರುವುದರಿಂದ, ಚೀಟಿಯಲ್ಲಿ ‘ಕೀಟ’ ಎಂದು ಬರೆದರೆ ಲೆಕ್ಕವೂ ತಪ್ಪುತ್ತದೆ, ಮದ್ದೂ ತಡವಾಗುತ್ತದೆ. ಆಸ್ಪತ್ರೆಯ ಫಲಕಗಳಲ್ಲಿ ‘ಹಾವು ಕಡಿದರೆ’ ಎಂಬುದರ ಪಕ್ಕದಲ್ಲಿಯೇ ‘ಹುಳ ಮುಟ್ಟಿದರೆ’ ಎಂದೂ ಬರೆಸಬೇಕೆಂಬುದು ನನ್ನ ಅಭಿಪ್ರಾಯ.

ಹಾಗೆ ಬರೆಸುವ ಮೊದಲು ಎರಡು ಸಂಗತಿ ಸ್ಪಷ್ಟವಾಗಬೇಕು. ನಮ್ಮ ಅಜ್ಜ ‘ಮುಟ್ಟಿದ್ದು’ ಬೇರೆ, ‘ಕಡದದ್ದು’ ಬೇರೆ ಎನ್ನುತ್ತಿದ್ದರು. ವಿಷ ಏರದಿದ್ದರೆ ಮುಟ್ಟಿದ್ದು, ಏರಿದರೆ ಕಡದದ್ದು ಎಂಬುದು ಅವರ ಲೆಕ್ಕ. ಅತ್ತೆಗೆ ಎರಡೂ ಒಂದೇ. ಈ ಭೇದ ನಿಮ್ಮೂರಿನ ಹಿರಿಯರಲ್ಲಿ ಉಳಿದಿದೆಯೇ? ಹಾಗೆಯೇ ರೋಣ, ಮುಂಡರಗಿ, ಸವಣೂರು, ಹಿರೇಕೆರೂರು ಕಡೆಯವರು ಚೇಳಿಗಾಗಲಿ ಜರಿಗಾಗಲಿ ‘ಹುಳ ಮುಟ್ಟಿತು’ ಎನ್ನುವುದನ್ನು ಕೇಳಿದ್ದರೆ, ಯಾರ ಬಾಯಲ್ಲಿ, ಯಾವ ಸಂದರ್ಭದಲ್ಲಿ ಎಂಬುದನ್ನು ದಯವಿಟ್ಟು ತಿಳಿಸಬೇಕು.