ಸಿ ಪ್ರೋಗ್ರಾಮಿನಿಂದ ಲುವಾದ ಸ್ಟ್ರಿಂಗ್ ಫಾರ್ಮ್ಯಾಟ್ ಕರೆದಾಗ ಮೆಮೊರಿ ಏರುತ್ತಲೇ ಹೋಗುತ್ತಿದೆ

ಪ್ರಶ್ನೆ (ಶಿರಸಿಯಿಂದ)

ಮಾನ್ಯರೇ, ಅಡಿಕೆ ವಖಾರಿಯ ತೂಕದ ಯಂತ್ರ ಸೆಕೆಂಡಿಗೆ ಹಲವು ಬಾರಿ ಕಳಿಸುವ ಅಂಕಿಯನ್ನು ಓದಿ, ರಾಶಿ, ಚಾಲಿ, ಬೆಟ್ಟೆ ಎಂಬ ಬಗೆಯ ಹೆಸರಿನೊಂದಿಗೆ ತೆರೆಯ ಮೇಲೆ ತೋರಿಸುವ ಪ್ರೋಗ್ರಾಮನ್ನು ಸಿ ಭಾಷೆಯಲ್ಲಿ ಬರೆದಿದ್ದೇನೆ. ಸಾಲನ್ನು ಹೊಂದಿಸಲು ಲುವಾ ಎಂಬ ಪುಟ್ಟ ಸ್ಕ್ರಿಪ್ಟ್ ಭಾಷೆಯ 5.4ನೇ ಆವೃತ್ತಿಯ ಸ್ಟ್ರಿಂಗ್ ಲೈಬ್ರರಿಯಲ್ಲಿರುವ ಫಾರ್ಮ್ಯಾಟ್ ಫಂಕ್ಷನ್ನನ್ನು ಪಿಕಾಲ್ (ದೋಷ ಬಂದರೂ ಪ್ರೋಗ್ರಾಮ್ ನಿಲ್ಲದಂತೆ ಲುವಾ ಫಂಕ್ಷನ್ನನ್ನು ಕರೆಯುವ ಸಿ ಫಂಕ್ಷನ್) ಮೂಲಕ ಕರೆಯುತ್ತೇನೆ. ಉತ್ತರ ಸರಿಯಾಗಿಯೇ ಬರುತ್ತದೆ. ಆದರೆ ದಿನವಿಡೀ ಓಡಿಸಿದರೆ ಮೆಮೊರಿ ಏರುತ್ತಾ ಹೋಗಿ ಕೊನೆಗೆ, ಸಿ ಮತ್ತು ಲುವಾ ನಡುವೆ ಮೌಲ್ಯಗಳನ್ನು ಒಂದರ ಮೇಲೊಂದು ಇಡುವ ಜಾಗವಾದ ಸ್ಟ್ಯಾಕ್ ತುಂಬಿ, ಸ್ಟ್ಯಾಕ್ ಓವರ್‌ಫ್ಲೋ ಎಂಬ ದೋಷ ಬರುತ್ತದೆ. ಪ್ರತಿ ಸಲವೂ ಸ್ಟ್ಯಾಕನ್ನು ಖಾಲಿ ಮಾಡಿದರೆ ಮೆಮೊರಿ ನಿಲ್ಲುತ್ತದೆ, ಆದರೆ ತೆರೆಯ ಮೇಲಿನ ಹಳೆಯ ಸಾಲುಗಳಲ್ಲಿ ಅಕ್ಷರಗಳು ಆಗಾಗ ಕೆಡುತ್ತವೆ.

ಉತ್ತರ (ಕಾರವಾರದಿಂದ)

ನಮಸ್ಕಾರ. ಗೆಟ್‌ಗ್ಲೋಬಲ್ ಮೊದಲು ಸ್ಟ್ರಿಂಗ್ ಎಂಬ ಟೇಬಲ್ಲನ್ನು ಸ್ಟ್ಯಾಕಿನ ಮೇಲಿಡುತ್ತದೆ, ಗೆಟ್‌ಫೀಲ್ಡ್ ಅದರ ಮೇಲೆ ಫಂಕ್ಷನ್ನನ್ನು ಇಡುತ್ತದೆ, ಆಮೇಲೆ ನೀವು ಮಾದರಿ, ಹೆಸರು, ತೂಕ ಇವನ್ನು ಸೇರಿಸುತ್ತೀರಿ. ಪಿಕಾಲ್ ತೆಗೆಯುವುದು ಫಂಕ್ಷನ್ ಮತ್ತು ಆ ಮೂರು ಆರ್ಗ್ಯುಮೆಂಟುಗಳನ್ನು ಮಾತ್ರ. ಕೆಳಗಿನ ಟೇಬಲ್ ಅಲ್ಲೇ ಉಳಿದು, ಅದರ ಮೇಲೆ ಉತ್ತರ ಬಂದು ಕೂರುತ್ತದೆ. ಹೀಗೆ ಕರೆಗೆ ಎರಡರಂತೆ ಸ್ಟ್ಯಾಕ್ ಬೆಳೆಯುತ್ತದೆ, ಮತ್ತು ಸ್ಟ್ಯಾಕಿನಲ್ಲಿ ಇರುವ ಯಾವುದನ್ನೂ, ಬೇಡವಾದ ಮೆಮೊರಿಯನ್ನು ಬಿಡಿಸುವ ಗಾರ್ಬೇಜ್ ಕಲೆಕ್ಟರ್ ಮುಟ್ಟುವುದಿಲ್ಲ. ಕರೆಯ ಮೊದಲು ಮತ್ತು ಕೊನೆಗೆ ಗೆಟ್‌ಟಾಪ್ (ಸ್ಟ್ಯಾಕಿನಲ್ಲಿರುವ ಮೌಲ್ಯಗಳ ಎಣಿಕೆ) ಮುದ್ರಿಸಿದರೆ ಇದು ಕಣ್ಣಿಗೇ ಕಾಣುತ್ತದೆ. ಪಿಕಾಲ್ ವಿಫಲವಾದಾಗಲೂ ದೋಷದ ಸಂದೇಶ ಉಳಿಯುವುದರಿಂದ, ಆ ದಾರಿಯಲ್ಲಿಯೂ ಟೇಬಲ್ ಮತ್ತು ಸಂದೇಶ ಎರಡನ್ನೂ ಪಾಪ್ ಮಾಡಲೇಬೇಕು, ಅಂದರೆ ಸ್ಟ್ಯಾಕಿನ ಮೇಲಿನಿಂದ ತೆಗೆಯಲೇಬೇಕು.

ಅಕ್ಷರ ಕೆಡುವುದಕ್ಕೆ ಕಾರಣ ಬೇರೆ. ಸ್ಟ್ಯಾಕಿನಲ್ಲಿರುವ ಸಾಲನ್ನು ಸಿಗೆ ಓದಿಕೊಡುವ ಟುಸ್ಟ್ರಿಂಗ್ ಫಂಕ್ಷನ್ ಕೊಡುವುದು ಲುವಾದ ಸ್ವಂತ ಮೆಮೊರಿಯ ವಿಳಾಸ. ಆ ಮೌಲ್ಯ ಸ್ಟ್ಯಾಕಿನಿಂದ ಇಳಿದ ಮೇಲೆ ವಿಳಾಸ ಊರ್ಜಿತವಾಗಿರುತ್ತದೆಂಬ ಭರವಸೆಯಿಲ್ಲ. ಆದ್ದರಿಂದ ಪಾಪ್ ಮಾಡುವ ಮೊದಲೇ ಸಾಲನ್ನು ನಿಮ್ಮ ಬಫರಿಗೆ ನಕಲು ಮಾಡಿಕೊಳ್ಳಿ. ಬರಿಯ ವಿಳಾಸವನ್ನು ಅರೇಯಲ್ಲಿ ಇಟ್ಟುಕೊಳ್ಳುವುದು ಎಷ್ಟೋ ಹೊತ್ತು ಸರಿಯಾಗಿಯೇ ಕಾಣುತ್ತದೆ, ಅದರಿಂದಲೇ ಈ ದೋಷ ಹುಡುಕಲು ಕಷ್ಟ. ಪರೀಕ್ಷೆಯ ಹಂತದಲ್ಲಿ ಲುವಾವನ್ನು ಎಪಿಐಚೆಕ್ (ಸಿ ಕಡೆಯ ಕರೆಗಳನ್ನು ಪರಿಶೀಲಿಸುವ) ಆಯ್ಕೆಯೊಂದಿಗೆ ಕಂಪೈಲ್ ಮಾಡಿದರೆ ಸ್ಟ್ಯಾಕಿನ ತಪ್ಪುಗಳು ಬೇಗ ಸಿಕ್ಕಿಬೀಳುತ್ತವೆ.

ಪ್ರಶ್ನೆ (ಶಿರಸಿಯಿಂದ)

ನಕಲು ಮಾಡಿ ಪಾಪ್ ಮಾಡಿದ ಮೇಲೆ ಎರಡೂ ತೊಂದರೆ ನಿಂತವು, ಬಹಳ ಉಪಕಾರವಾಯಿತು. ಆದರೆ ಹೆಸರಿಗೆ 12ರ ಅಗಲ ಕೊಟ್ಟರೂ ಬೆಟ್ಟೆಯ ಸಾಲು ಮಾತ್ರ ಓರೆಯಾಗುತ್ತಿದೆ.

ಉತ್ತರ (ಕಾರವಾರದಿಂದ)

ಫಾರ್ಮ್ಯಾಟ್ ಎಣಿಸುವುದು ಬೈಟುಗಳನ್ನು. ಅಕ್ಷರಗಳನ್ನು ಬೈಟುಗಳಾಗಿ ಬರೆದಿಡುವ ಯುಟಿಎಫ್-8 ಪದ್ಧತಿಯಲ್ಲಿ ಚಾಲಿ 12 ಬೈಟು, ಬೆಟ್ಟೆ 18 ಬೈಟು. ಲುವಾದ ಯುಟಿಎಫ್8 ಲೈಬ್ರರಿಯೂ ತೆರೆಯ ಮೇಲಿನ ಅಗಲವನ್ನಲ್ಲ, ಅಕ್ಷರದ ಬಿಡಿ ಸಂಕೇತಗಳಾದ ಕೋಡ್‌ಪಾಯಿಂಟುಗಳನ್ನಷ್ಟೇ ಎಣಿಸುವುದರಿಂದ ಒತ್ತಕ್ಷರಕ್ಕೆ ಪ್ರಯೋಜನವಿಲ್ಲ. ತೂಕವನ್ನು ಮೊದಲ ಅಂಕಣಕ್ಕೆ ತಂದು, ಹೆಸರನ್ನು ಸಾಲಿನ ಕೊನೆಗೆ ಹಾಕಿ.