ಯಲಹಂಕದಲ್ಲಿ ರೈಲು ಬದಲಾಯಿಸುತ್ತಿದ್ದ ಕಾಲ: ಚಿಕ್ಕಬಳ್ಳಾಪುರ–ಕೋಲಾರ ಸಣ್ಣ ಹಳಿಯ ಬಗ್ಗೆ ಗೊತ್ತಿರುವವರು ಹೇಳಿ

ವಿದ್ಯಾರಣ್ಯಪುರದವನು:

ಎಲ್ಲರಿಗೂ ನಮಸ್ಕಾರ. ನಮ್ಮಜ್ಜಿಯ ತವರು ಚಿಂತಾಮಣಿ. ಮದುವೆಯಾಗಿ ಬಂದದ್ದು ಬೆಂಗಳೂರಿನ ಬಳೇಪೇಟೆಗೆ. ಈಗ 84 ವರ್ಷ. ತವರಿನ ಮಾತು ಬಂದಾಗಲೆಲ್ಲ ಒಂದೇ ಕಥೆ ಹೇಳುತ್ತಾರೆ. ಬೆಂಗಳೂರಿನಲ್ಲಿ ರೈಲು ಹತ್ತಿ ಯಲಹಂಕದಲ್ಲಿ ಇಳಿಯಬೇಕಂತೆ. ಅಲ್ಲಿ ಇನ್ನೊಂದು ಸಣ್ಣ ರೈಲು ಕಾಯುತ್ತಾ ನಿಂತಿರುತ್ತಂತೆ. ಟ್ರಂಕು, ಹಾಸಿಗೆ ಸುರುಳಿ, ಮಕ್ಕಳು ಎಲ್ಲವನ್ನೂ ಎಣಿಸಿಕೊಂಡು ಅದಕ್ಕೆ ಹತ್ತಬೇಕಂತೆ. ವಾಪಸ್ ಬರುವಾಗಲೂ ಅದೇ ಪಾಡು. ಒಂದು ಸಲ ತವರಿನಿಂದ ತರುತ್ತಿದ್ದ ಉಪ್ಪಿನಕಾಯಿ ಜಾಡಿ ಯಲಹಂಕದಲ್ಲಿ ಒಡೆದುಹೋಯಿತು. ಆ ಜಾಡಿಯ ದುಃಖ ಇನ್ನೂ ಹೋಗಿಲ್ಲ.

ಹೋದ ತಿಂಗಳು ನಾನು ಡೆಮು (ಡೀಸೆಲ್ ಲೋಕಲ್) ರೈಲಿನಲ್ಲಿ ಚಿಂತಾಮಣಿಗೆ ಹೋಗಿದ್ದೆ. ಎಲ್ಲೂ ಇಳಿಯುವ ಕೆಲಸ ಇಲ್ಲ. ಹಾಗಾದರೆ ಆಗ ಯಾಕೆ ಹಾಗೆ ಮಾಡಿದ್ದರು? ಪಕ್ಕದಲ್ಲೇ ಒಂದು ಹಳಿ ಇರುವಾಗ ಅದಕ್ಕೆ ಸೇರದ ಇನ್ನೊಂದು ಅಳತೆಯ ಹಳಿ ಹಾಕುವುದು ದಡ್ಡತನ ಅಲ್ವಾ? ಇನ್ನೊಂದು, ಈ ಹಳಿ ಕೋಲಾರದ ಮೇಲೆ ಕೊನೆಗೆ ಬಂಗಾರಪೇಟೆ ಸೇರುತ್ತದಲ್ಲ, ಅಲ್ಲಿಗೆ ಹೋಗುವುದಕ್ಕೆ ಈ ದಾರಿ ಯಾಕೆ ಅಷ್ಟು ಸುತ್ತು?

ಕ್ವಾರ್ಟರ್ಸ್ ಹುಡುಗ 58:

ತಮ್ಮಾ, ನಿಮ್ಮಜ್ಜಿ ಹೇಳಿದ್ದು ಅಕ್ಷರಶಃ ನಿಜ. ನಮ್ಮಪ್ಪ ಯಲಹಂಕ ಸ್ಟೇಷನ್ನಿನಲ್ಲಿ ಪಾರ್ಸೆಲ್ ಗುಮಾಸ್ತರಾಗಿದ್ದರು. ನಾನು ಬೆಳೆದದ್ದು ಅಲ್ಲಿನ ರೈಲ್ವೆ ಕ್ವಾರ್ಟರ್ಸಿನಲ್ಲಿ.

ಮೊದಲು ಅಳತೆ ಹೇಳುತ್ತೇನೆ. ಆ ಹಳಿಯ ಅಗಲ ಎರಡೂವರೆ ಅಡಿ, ಅಂದರೆ 762 ಮಿಲಿಮೀಟರ್. ನಿಮ್ಮ ಮನೆಯ ಬಚ್ಚಲು ಮನೆ ಬಾಗಿಲು ನೋಡಿ, ಹೆಚ್ಚು ಕಡಿಮೆ ಅಷ್ಟೇ ಇರುತ್ತದೆ. ಆ ಅಗಲದ ಮೇಲೆ ಇಡೀ ರೈಲು ಓಡುತ್ತಿತ್ತು. ಬೆಂಗಳೂರಿನಿಂದ ಯಲಹಂಕದ ಮೇಲೆ ಗುಂತಕಲ್ಲಿಗೆ ಹೋಗುತ್ತಿದ್ದದ್ದು ಮೀಟರ್ ಗೇಜ್, ಅಂದರೆ ಒಂದು ಮೀಟರ್ ಅಗಲದ ಹಳಿ. ಆ ಕಡೆ ಕೊನೆಯಲ್ಲಿ ಬಂಗಾರಪೇಟೆಯಲ್ಲಿ ಮದ್ರಾಸಿನ ಬ್ರಾಡ್‌ಗೇಜ್, 1676 ಮಿಲಿಮೀಟರ್. ಅಂದರೆ ಈ ಸಣ್ಣ ರೈಲಿಗೆ ಎರಡು ತುದಿಯಲ್ಲೂ ನೆಂಟರಿದ್ದರು, ಆದರೆ ಯಾರ ಮನೆಯೊಳಗೂ ಹೋಗುವ ಹಾಗಿರಲಿಲ್ಲ.

ದಡ್ಡತನ ಅಂತ ಮಾತ್ರ ಹೇಳಬೇಡಿ. ಹಳಿ ಸಣ್ಣದಾದರೆ ಕಬ್ಬಿಣ ಕಡಿಮೆ, ಸೇತುವೆ ಸಣ್ಣದು, ಭೂಮಿ ಕಡಿಮೆ ಸಾಕು. ತಿರುವು ಬಿಗಿಯಾಗಿದ್ದರೂ ನಡೆಯುತ್ತದೆ, ಹಾಗಾಗಿ ಗುಡ್ಡ ಅಗೆಯುವ ಬದಲು ಸುತ್ತಿಕೊಂಡು ಹೋಗಬಹುದು. ಬಂಗಾರಪೇಟೆ–ಕೋಲಾರ ತುಂಡು 1913ರಲ್ಲಿ, ಯಲಹಂಕ–ಚಿಕ್ಕಬಳ್ಳಾಪುರ ತುಂಡು 1915ರಲ್ಲಿ ಶುರುವಾಯಿತು. ಮಧ್ಯದ್ದು ಅದೇ ಸುಮಾರಿಗೆ ಸೇರಿಕೊಂಡಿತು. ಕೋಲಾರದ ಕಡೆಯದರ ಹಿಂದೆ ಇದ್ದದ್ದು ಕೋಲಾರದ ಜಿಲ್ಲಾ ಬೋರ್ಡು. ರಾಗಿ, ಕಡಲೇಕಾಯಿ, ಹುಣಸೆಹಣ್ಣು ಬೆಳೆಯುವ ಜಿಲ್ಲೆ. ವರ್ಷವಿಡೀ ಹರಿಯುವ ನದಿ ಇಲ್ಲ, ಕೆರೆ ನಂಬಿಕೊಂಡ ಊರುಗಳು. ಅವರ ಜೇಬಿಗೆ ಎಟುಕಿದ್ದು ಎರಡೂವರೆ ಅಡಿ. ಅಗಲದ ಹಳಿಯೇ ಬೇಕು ಅಂತ ಹಟ ಹಿಡಿದಿದ್ದರೆ ಚಿಂತಾಮಣಿಗೆ ಆಗ ರೈಲೇ ಬರುತ್ತಿರಲಿಲ್ಲ.

ಸುತ್ತು ದಾರಿಗೂ ಇದೇ ಉತ್ತರ. ಅದು ಬೆಂಗಳೂರಿನಿಂದ ಬಂಗಾರಪೇಟೆಗೆ ಹೋಗುವವರಿಗೆ ಅಂತ ಹಾಕಿದ್ದಲ್ಲ. ಅದಕ್ಕೆ ನೇರ ದಾರಿ 1864ರಿಂದಲೇ ಇತ್ತು. ಇದು ಜಿಲ್ಲೆಯ ಊರುಗಳನ್ನು ಪೋಣಿಸಿದ ದಾರ. ಚಿಕ್ಕಬಳ್ಳಾಪುರ, ಶಿಡ್ಲಘಟ್ಟ, ಚಿಂತಾಮಣಿ, ಶ್ರೀನಿವಾಸಪುರ, ಕೋಲಾರ. 2007ರವರೆಗೆ ಇವೆಲ್ಲ ಒಂದೇ ಕೋಲಾರ ಜಿಲ್ಲೆ.

ವಿಶ್ವೇಶ್ವರಯ್ಯನವರು ದಿವಾನರಾಗಿದ್ದದ್ದು 1912ರಿಂದ 1918. ಅವರ ಊರು ಮುದ್ದೇನಹಳ್ಳಿ ಚಿಕ್ಕಬಳ್ಳಾಪುರದ ಪಕ್ಕ. ಅದಕ್ಕೇ 'ತಮ್ಮೂರಿಗೆ ರೈಲು ಹಾಕಿಸಿಕೊಂಡರು' ಅಂತ ಕೆಲವರು ಹೇಳುತ್ತಾರೆ. ನಾನು ಒಪ್ಪಲ್ಲ. 1913ಕ್ಕೇ ಕೋಲಾರದ ತುಂಡು ಓಡುತ್ತಿತ್ತು ಅಂದರೆ ಕೆಲಸ ಅವರು ಬರುವುದಕ್ಕೂ ಮೊದಲೇ ಶುರುವಾಗಿರಬೇಕು, ಅಲ್ವಾ?

ಇನ್ನು ಯಲಹಂಕದ ವಿಷಯ. ಜನರಾದರೆ ತಾವೇ ಇಳಿದು ಹತ್ತುತ್ತಾರೆ. ಮೂಟೆಗೆ ಕಾಲಿಲ್ಲ. ಸಣ್ಣ ವ್ಯಾಗನ್ ಪಕ್ಕ ಮೀಟರ್ ಗೇಜ್ ವ್ಯಾಗನ್ ತಂದು ನಿಲ್ಲಿಸುತ್ತಿದ್ದರು. ನಡುವೆ ಒಂದು ಹಲಗೆ. ಹಮಾಲಿಗಳು ತಲೆಗೆ ಟವೆಲ್ ಸಿಂಬಿ ಸುತ್ತಿಕೊಂಡು ಆ ಹಲಗೆ ಮೇಲೆ ಓಡುತ್ತಿದ್ದರು. ನಡೆಯುತ್ತಿರಲಿಲ್ಲ, ಓಡುತ್ತಿದ್ದರು. ನಿಧಾನ ಮಾಡಿದರೆ ಹಲಗೆ ಕುಣಿಯುತ್ತದೆ ಅಂತ ಒಬ್ಬರು ನನಗೆ ಹೇಳಿದ್ದರು. ಈ ಕೆಲಸಕ್ಕೆ ಅಪ್ಪ 'ಟ್ರಾನ್ಸ್‌ಶಿಪ್‌ಮೆಂಟ್' ಅನ್ನುತ್ತಿದ್ದರು. ಹಮಾಲಿಗಳ ಬಾಯಲ್ಲಿ ಅದು 'ಟ್ರಾನ್ಸಿಪ್ಪು'. ಒಂದು ಮೂಟೆ ಕಡಲೇಕಾಯಿ ಚಿಂತಾಮಣಿಯಲ್ಲಿ ಒಮ್ಮೆ ಹತ್ತಿ, ಯಲಹಂಕದಲ್ಲಿ ಇಳಿದು ಮತ್ತೆ ಹತ್ತಿ, ಬೆಂಗಳೂರಿನಲ್ಲಿ ಇನ್ನೊಮ್ಮೆ ಇಳಿಯಬೇಕು. ಪ್ರತಿ ಸಲವೂ ಕೂಲಿ, ಪ್ರತಿ ಸಲವೂ ಒಂದಿಷ್ಟು ಸೋರಿಕೆ. ಆ ಸೋರಿಕೆಯಲ್ಲಿ ನಮ್ಮ ಪಾಲೂ ಇತ್ತು ಅಂತ ಈ ವಯಸ್ಸಿನಲ್ಲಿ ಒಪ್ಪಿಕೊಳ್ಳಬಹುದು. ಮಾವಿನ ಕಾಲದಲ್ಲಿ ಶ್ರೀನಿವಾಸಪುರದ ಮಂಕರಿಗಳು ಬರುತ್ತಿದ್ದವು. ಮೇಲೆ ಹುಲ್ಲು, ಸುತ್ತ ಗೋಣಿದಾರ. ಮೂಲೆ ಹರಿದ ಮಂಕರಿ ಯಾವುದು ಅಂತ ಹುಡುಕುವುದೇ ನಮ್ಮ ಬೇಸಿಗೆ ರಜೆ.

ಲಾರಿ ಬಂದ ಮೇಲೆ ಯಾವ ಮಂಡಿಯವನು ಇದನ್ನೆಲ್ಲ ಸಹಿಸಿಕೊಳ್ಳುತ್ತಾನೆ? ಲಾರಿ ತೋಟದ ಬಾಗಿಲಲ್ಲಿ ತುಂಬಿಕೊಂಡು ಮಾರ್ಕೆಟ್ ಬಾಗಿಲಲ್ಲಿ ಇಳಿಸುತ್ತದೆ. ಯಾವ ಅಗಲದಿಂದ ಆ ಊರುಗಳಿಗೆ ರೈಲು ಬಂತೋ ಅದೇ ಅಗಲದಿಂದ ಸರಕು ಕೈತಪ್ಪಿತು. ಅಪ್ಪ ಇದನ್ನು 70ರ ದಶಕದಲ್ಲೇ ಹೇಳುತ್ತಿದ್ದರು.

ಓಡುವ ರೈಲಿನಿಂದ ಇಳಿದು ಹೂ ಕಿತ್ತುಕೊಂಡು ಮತ್ತೆ ಹತ್ತಬಹುದಿತ್ತು ಅಂತ ಎಲ್ಲ ಸಣ್ಣ ರೈಲಿಗೂ ಒಂದು ಕಥೆ ಇರುತ್ತದೆ. ನಾನಂತೂ ನೋಡಿಲ್ಲ. ನಿಧಾನ ಇತ್ತು, ಅಷ್ಟು ನಿಧಾನ ಇರಲಿಲ್ಲ.

ಊರ್ಗಾಂ ಪಾಸೆಂಜರ್:

ಮೇಲಿನ ಸಾರ್ ಹೇಳಿದ್ದಕ್ಕೆ ಒಂದು ಮಾತು ಸೇರಿಸುತ್ತೇನೆ. ಅದೇ ಬಂಗಾರಪೇಟೆಯಿಂದ ಇನ್ನೊಂದು ಕವಲು ಇದೆ, ನಮ್ಮ ಕೆಜಿಎಫ್ ಕಡೆಯದು, ಮಾರಿಕುಪ್ಪಂವರೆಗೆ. ಬರೀ 16 ಕಿಲೋಮೀಟರ್. 1894ರಲ್ಲೇ ಬಂತು, ಅದೂ ಮೊದಲ ದಿನದಿಂದಲೇ ಬ್ರಾಡ್‌ಗೇಜ್. ಗಣಿಗೆ ಬೇಕಾದ ಭಾರಿ ಯಂತ್ರಗಳು, ಕಲ್ಲಿದ್ದಲು ಮದ್ರಾಸ್ ಕಡೆಯಿಂದ ಎಲ್ಲೂ ಇಳಿಸದೆ ಬರಬೇಕಿತ್ತು. ಚಿನ್ನ ಇದ್ದ ಕಡೆಗೆ ಅಗಲದ ಹಳಿ, ಹುಣಸೆಹಣ್ಣಿನ ಕಡೆಗೆ ಸಣ್ಣ ಹಳಿ. 2001ರಲ್ಲಿ ಗಣಿ ಮುಚ್ಚಿತು. ರೈಲು ಉಳಿಯಿತು. ಈಗ ಬೆಳಗಿನ ಜಾವದ ರೈಲಿನಲ್ಲಿ ನಾವೆಲ್ಲ ಬೆಂಗಳೂರಿಗೆ ಕೂಲಿಗೆ ಬರುತ್ತೇವೆ, ಐಟಿ ಕೂಲಿಯೂ ಸೇರಿ.

ಬಂಗಾರಪೇಟೆಯ ಸ್ಟೇಷನ್ ಕೋಡ್ ಗಮನಿಸಿದ್ದೀರಾ? ಬಿ ಡಬ್ಲ್ಯೂ ಟಿ. ಬ್ರಿಟಿಷರ ಕಾಲದಲ್ಲಿ ಮೈಸೂರಿನ ಕಮಿಷನರ್ ಆಗಿದ್ದ ಬೌರಿಂಗ್ ಹೆಸರಿನ ಬೌರಿಂಗ್‌ಪೇಟೆ. ಊರಿನ ಹೆಸರು ಬದಲಾದರೂ ಟಿಕೆಟ್ಟಿನಲ್ಲಿ ಬೌರಿಂಗ್ ಸಾಹೇಬರು ಕೂತೇ ಇದ್ದಾರೆ.

ಮಾವಿನೂರು:

ನಾನು ಶ್ರೀನಿವಾಸಪುರದವಳು, ಈಗ ಹೆಬ್ಬಾಳದಲ್ಲಿದ್ದೇನೆ. ಎಲ್ಲರೂ ಹಳೆಯ ರೈಲಿನ ಕಥೆ ಹೇಳುತ್ತೀರಿ. ಇಲ್ಲದ ರೈಲಿನ ಕಥೆ ನಾನು ಹೇಳುತ್ತೇನೆ.

1992ರಲ್ಲಿ ಜಾಫರ್ ಷರೀಫ್ ರೈಲ್ವೆ ಮಂತ್ರಿಯಾಗಿದ್ದಾಗ ಇಡೀ ದೇಶಕ್ಕೆ ಒಂದೇ ಗೇಜ್ ಅಂತ ಯೋಜನೆ ಬಂತು. ಅವರು ಆಗ ಬೆಂಗಳೂರು ಉತ್ತರದ ಸಂಸದರು. 90ರ ದಶಕದಲ್ಲಿ ಯಲಹಂಕ–ಚಿಕ್ಕಬಳ್ಳಾಪುರ ಅಗಲವಾಯಿತು. ಬಂಗಾರಪೇಟೆ–ಕೋಲಾರವೂ ಆಯಿತು, ಅಲ್ಲಿ ಬಸ್ಸಿನ ಹಾಗೆ ಕಾಣುವ ರೈಲ್‌ಬಸ್ ಓಡುತ್ತಿತ್ತು. ನಡುವೆ ಸಿಕ್ಕಿಹಾಕಿಕೊಂಡವರು ನಾವು. ಕೋಲಾರ–ಚಿಕ್ಕಬಳ್ಳಾಪುರ ತುಂಡು ಮುಗಿದದ್ದು 2013ಕ್ಕೆ. ನನ್ನ ಸ್ಕೂಲು, ಕಾಲೇಜು, ಮದುವೆ ಎಲ್ಲ ಮುಗಿದ ಮೇಲೆ. ನಮ್ಮೂರಲ್ಲಿ ಸ್ಟೇಷನ್ ರೋಡ್ ಇತ್ತು, ರೈಲು ಇರಲಿಲ್ಲ. ಹಳಿಯ ಏರಿಯ ಮೇಲೆ ಸೈಕಲ್ ಕಲಿತೆ.

ಅಷ್ಟು ಹೊತ್ತಿಗೆ ಮಾವು, ಟೊಮೆಟೊ ಎಲ್ಲ ಲಾರಿಗೆ ಒಗ್ಗಿಹೋಗಿತ್ತು. ಈಗ ಅಗಲದ ಹಳಿ ಇದೆ, ಟ್ರಾನ್ಸಿಪ್ಪಿನ ಕಾಟವೂ ಇಲ್ಲ, ಆದರೆ ನಮ್ಮ ತೋಟದಿಂದ ಒಂದು ಮಂಕರಿಯೂ ರೈಲು ಹತ್ತಲ್ಲ. ಹತ್ತುವುದು ನಾವು ಮಾತ್ರ.

ನೋಡಬೇಕು ಅಂತಿದ್ದರೆ ಸುಮ್ನೆ ಒಂದು ಭಾನುವಾರ ಹೋಗಿ ಬನ್ನಿ. ದೊಡ್ಡಜಾಲ, ದೇವನಹಳ್ಳಿ, ಆವತಿಹಳ್ಳಿ, ನಂದಿ ಹಾಲ್ಟ್‌ಗಳಲ್ಲಿ ಹಳೆಯ ಹೆಂಚಿನ ಸ್ಟೇಷನ್ನುಗಳಿವೆ. ಬಲಗಡೆ ಕಿಟಕಿಯಲ್ಲಿ ವಿಮಾನ ಇಳಿಯುವುದು ಕಾಣುತ್ತದೆ. 2021ರಲ್ಲಿ ಏರ್‌ಪೋರ್ಟಿಗೂ ಒಂದು ಹಾಲ್ಟ್ ಕೊಟ್ಟರು, ಇದೇ ಸಣ್ಣ ರೈಲಿನ ದಾರಿಯಲ್ಲಿ.

ವಿದ್ಯಾರಣ್ಯಪುರದವನು:

ಎಲ್ಲರಿಗೂ ಥ್ಯಾಂಕ್ಸ್. ನೆನ್ನೆ ರಾತ್ರಿ ಅಜ್ಜಿಗೆ ಎಲ್ಲವನ್ನೂ ಓದಿ ಹೇಳಿದೆ. ಹಲಗೆ ಮೇಲೆ ಓಡುತ್ತಿದ್ದ ಹಮಾಲಿಗಳ ಭಾಗವನ್ನು ಎರಡು ಸಲ ಓದಿಸಿಕೊಂಡರು. ಆಮೇಲೆ ಸ್ವಲ್ಪ ಹೊತ್ತು ಸುಮ್ಮನಿದ್ದು ಒಂದು ವಿಷಯ ಬಾಯಿಬಿಟ್ಟರು. ಜಾಡಿ ಒಡೆದದ್ದು ಯಲಹಂಕದಲ್ಲಿ ಅಲ್ಲವಂತೆ. ಅಲ್ಲಿ ಹಮಾಲಿ ಅದನ್ನು ಕೂಸಿನ ಹಾಗೆ ಎತ್ತಿ ಈ ರೈಲಿಗೆ ಇಟ್ಟುಕೊಟ್ಟನಂತೆ. ಬೆಂಗಳೂರಿನಲ್ಲಿ ಇಳಿದು ಜಟಕಾದಲ್ಲಿ ಮನೆಗೆ ಬರುವಾಗ, ಅಜ್ಜಿ ತೂಕಡಿಸಿ, ಮಡಿಲಿನಿಂದಲೇ ಜಾರಿಬಿತ್ತಂತೆ. ಅತ್ತೆ ಬೈಯುತ್ತಾರೆ ಅಂತ ಯಲಹಂಕದ ಮೇಲೆ ಹಾಕಿದ್ದು, ಹಾಗೇ ಉಳಿದುಕೊಂಡಿತು.